ಮುಂದಿನ ಸಾಲಿನ ಕುರ್ಚಿ

ಆಗ ನನಗೆ ಇಪ್ಪತ್ತೆಂಟು. ಅದಾಗಿ ನಲವತ್ತೈದು ವರ್ಷವಾಯಿತು. ತಮ್ಮ ಯಮನೂರಪ್ಪನಿಗೆ ಆಗ ಇಪ್ಪತ್ತು. ಅವನು ತೀರಿಕೊಂಡು, ಹೋದ ತಿಂಗಳಿಗೆ ಒಂದು ವರ್ಷವಾಯಿತು.

ವರ್ಷದ ದಿನ ಅವನ ಶಿಷ್ಯರು ಗಂಗಾವತಿಯಲ್ಲಿ ಅವನ ಹೆಸರಿನ ಮೇಲೆ ಬಾಕ್ಸಿಂಗ್ ಪಂದ್ಯ ಇಟ್ಟಿದ್ದರು. ನನ್ನನ್ನು ಜೀಪಿನಲ್ಲಿ ಕರೆದುಕೊಂಡು ಹೋದರು. ರಿಂಗಿನ ಎದುರು, ಎಲ್ಲರಿಗಿಂತ ಮುಂದೆ ಒಂದು ಕುರ್ಚಿ ಹಾಕಿ, ಅದರ ಮೇಲೆ ಹೊಸ ಟವೆಲ್ಲು ಹಾಸಿ, “ಕೂಡ್ರಿ ಅವ್ವಾರ, ಇದು ನಿಮ್ಮ ಜಾಗಾ” ಅಂದರು. ನಾನು ಕೂಡಲಿಲ್ಲ. ಮೊಣಕಾಲು ಹಿಡಿದಿದೆ, ಕೂತರೆ ಏಳಲು ಆಗುವುದಿಲ್ಲ ಅಂತ ಸುಳ್ಳು ಹೇಳಿ, ಹಿಂದೆ ಹೋಗಿ ಕಿಟಕಿಯ ಪಕ್ಕ ಗೋಡೆಗೆ ಒರಗಿ ನಿಂತೆ. ಆ ಕಿಟಕಿಯಿಂದ ವಾಸನೆ ಬಂತು. ಹತ್ತಿರದಲ್ಲಿ ಯಾವುದೋ ಗಿರಣಿಯಲ್ಲಿ ಭತ್ತ ಬೇಯಿಸುತ್ತಿದ್ದರು. ಅರ್ಧ ಅನ್ನದ ವಾಸನೆ, ಅರ್ಧ ಹಳಸಿದ ನೀರಿನ ವಾಸನೆ. ಆಮೇಲೆ ರಿಂಗಿನಲ್ಲಿ ಯಾರು ಯಾರನ್ನು ಹೊಡೆದರು ಅಂತ ನಾನು ನೋಡಲಿಲ್ಲ.

ಶಿಷ್ಯರು ಅವನ ಮೇಲೆ ಒಂದು ಪುಸ್ತಕ ಮಾಡುತ್ತಾರಂತೆ. ನೀವೂ ನಾಲ್ಕು ಮಾತು ಬರೆದುಕೊಡಿ ಅಂದರು. ನಾನು ಓದಿದ್ದು ಮೂರನೆಯ ಇಯತ್ತೆ. ಅದನ್ನೂ ಮರೆತು, ಅಕ್ಕಿ ಚೀಲದ ಮೇಲಿನ ಅಕ್ಷರ ನೋಡಿ ನೋಡಿ ಮತ್ತೆ ಕಲಿತವಳು. ಹೊಗಳುವುದನ್ನು ಬೇರೆಯವರು ಬರೆಯುತ್ತಾರೆ. ನಾನು ಆ ಒಂದು ಚಳಿಗಾಲದ ಮಾತು ಬರೆಯುತ್ತೇನೆ. ಅಚ್ಚು ಹಾಕುವುದು ಬಿಡುವುದು ಅವರಿಗೆ ಬಿಟ್ಟಿದ್ದು.

ನಾವು ತಾವರಗೇರಾ ಕಡೆಯವರು. ಸಜ್ಜೆ ತಿಂದು ಬೆಳೆದವರು. ಅವ್ವ ಸತ್ತಾಗ ತಮ್ಮನಿಗೆ ಎಂಟು ವರ್ಷ, ಅವನನ್ನು ನಾನೇ ಸಾಕಿದೆ. ಕೊಟ್ಟ ಮನೆಯನ್ನು ನಾನು ಎರಡು ವರ್ಷಕ್ಕೇ ಬಿಟ್ಟು ಬಂದಿದ್ದೆ. ಯಾಕೆ ಅನ್ನುವುದು ಇಲ್ಲಿ ಬೇಡ. ಗಂಡ ಬದುಕಿದ್ದ, ನನ್ನ ಕೊರಳಲ್ಲಿ ತಾಳಿ ಇರಲಿಲ್ಲ. ಅಂಥವಳನ್ನು ಮದುವೆಮನೆಗೆ ಪಾತ್ರೆ ತಿಕ್ಕಲು ಕರೆಯುತ್ತಾರೆ, ಆರತಿ ಹಿಡಿಯಲು ಕರೆಯುವುದಿಲ್ಲ. ಕನಿಕರ ಪಡಲಿ ಅಂತ ಇದನ್ನು ಹೇಳುತ್ತಿಲ್ಲ. ಮುಂದಿನದು ತಿಳಿಯಬೇಕಾದರೆ ಇದು ತಿಳಿದಿರಬೇಕು.

ಗಂಗಾವತಿಗೆ ಆಗ ಕಾಲುವೆ ನೀರು ಬಂದು, ಆಂಧ್ರದ ಕಡೆಯವರು ಕ್ಯಾಂಪು ಮಾಡಿಕೊಂಡು ಕೂತು, ಎಲ್ಲಿ ನೋಡಿದರೂ ಭತ್ತ. ಅಕ್ಕ ತಮ್ಮ ಇಬ್ಬರೂ ಒಂದೇ ಗಿರಣಿಯಲ್ಲಿ ಕೆಲಸಕ್ಕೆ ನಿಂತೆವು. ಅವನು ಹಮಾಲಿ. ನಾನು ಅಂಗಳದ ಹೆಂಗಸು. ಬೆಳಕು ಹರಿಯುವ ಹೊತ್ತಿಗೆ ಬೇಯಿಸಿದ ಭತ್ತವನ್ನು ಹೊಗೆಯಾಡುತ್ತಿರುವಾಗಲೇ ಅಂಗಳಕ್ಕೆ ಸುರಿಯುತ್ತಿದ್ದರು. ಅದನ್ನು ಹರವಬೇಕು. ಆಮೇಲೆ ಸಂಜೆತನಕ ಅದರಲ್ಲಿ ಕಾಲೆಳೆದು ನಡೆದು ಸಾಲು ತೆಗೆಯಬೇಕು, ಕೆಳಗಿನದು ಮೇಲೆ ಬರಬೇಕು. ಚಳಿಗಾಲದ ಬೆಳಿಗ್ಗೆ ಆ ಬಿಸಿ ಕಾಲಿಗೆ ಹಿತವಾಗುತ್ತಿತ್ತು. ಮಧ್ಯಾಹ್ನ ಅದೇ ಭತ್ತ ಅಂಗಾಲು ಸುಡುತ್ತಿತ್ತು.

ಗಿರಣಿಯ ಕಾವಲಿಗೆ ಖಾಸಿಂಸಾಬ ಅಂತ ಇದ್ದರು. ಮಿಲಿಟರಿಯಿಂದ ಬಂದವರು, ಎಲ್ಲರ ಬಾಯಲ್ಲಿ ಹವಾಲ್ದಾರ್. ಮೂಗು ಚಪ್ಪಟೆ. ಮಿಲಿಟರಿಯಲ್ಲಿ ಹನ್ನೆರಡು ವರ್ಷ ಬಾಕ್ಸಿಂಗ್ ಆಡಿ ಹಾಗಾಗಿತ್ತು. ಒಂದು ದಿನ ತಮ್ಮ ಯಾವುದೋ ಜಗಳದಲ್ಲಿ ಲಾರಿಯ ಕ್ಲೀನರನಿಗೆ ಒಂದೇ ಏಟು ಕೊಟ್ಟು ಮಲಗಿಸಿದ್ದನ್ನು ಅವರು ನೋಡಿದರು. ಬೈಯಲಿಲ್ಲ. ಕೈ ಹಿಡಿದು ಗಿರಣಿಯ ಹಿಂದೆ, ಬೂದಿ ಸುರಿಯುವ ಜಾಗಕ್ಕೆ ಕರೆದುಕೊಂಡು ಹೋಗಿ, ಕಾಲು ಎಲ್ಲಿಡಬೇಕು ಅಂತ ತೋರಿಸಿದರು. ಅಲ್ಲಿಂದ ಶುರು.

ಗುದ್ದಲು ಒಂದು ಚೀಲ ಬೇಕಿತ್ತು. ಎರಡು ಗೋಣಿಚೀಲ ಒಂದರೊಳಗೊಂದು ಹಾಕಿ, ಭತ್ತದ ಹೊಟ್ಟು ತುಂಬಿ, ದಬ್ಬಣ ತೆಗೆದುಕೊಂಡು ನಾನೇ ಹೊಲಿದೆ. ಕೈಗೆ ಸುತ್ತುವ ಪಟ್ಟಿಗೆ ನನ್ನ ಹಳೆಯ ಸೀರೆ ಹರಿದುಕೊಟ್ಟೆ. ಎಂಟು ದಿನಕ್ಕೊಮ್ಮೆ ಚೀಲ ಸೀಳುತ್ತಿತ್ತು, ಹೊಟ್ಟು ಹಾರಿ ಅವನ ಮೈಗೆಲ್ಲ ಮೆತ್ತಿಕೊಳ್ಳುತ್ತಿತ್ತು. ಎಂಟು ದಿನಕ್ಕೊಮ್ಮೆ ನಾನು ಹೊಲಿಯುತ್ತಿದ್ದೆ. ನನ್ನ ಜೊತೆ ಅಂಗಳದಲ್ಲಿದ್ದ ದ್ಯಾಮವ್ವನ ಬಾಯಿಗೆ ಬೀಗವಿರಲಿಲ್ಲ. “ಹುಲಿಗೆವ್ವಾ, ನಿನ್ನ ತಮ್ಮ ಚೀಲದ ಮ್ಯಾಲೆ ಯಾಕಷ್ಟು ಸಿಟ್ಟಾಗ್ಯಾನ? ಅದೇನು ನಿನ್ನ ಗಂಡನೇನ?” ಅನ್ನುತ್ತಿದ್ದಳು. ಅಂಗಳದ ಹೆಂಗಸರೆಲ್ಲ ನಗುತ್ತಿದ್ದರು. ನಾನೂ ನಗುತ್ತಿದ್ದೆ.

ಹೊಸಪೇಟೆಯಲ್ಲಿ ಒಂದು ಪಂದ್ಯ ಗೆದ್ದ. ರಾಯಚೂರಿನಲ್ಲಿ ಒಂದು. ಎರಡರಲ್ಲೂ ಎದುರಿನವನು ಎರಡನೆಯ ಸುತ್ತಿಗೇ ಬಿದ್ದಿದ್ದ. ಹವಾಲ್ದಾರರು ಜಂಬದ ಮಾತು ಆಡುವವರಲ್ಲ. ಆದರೂ ಆ ಚಳಿಗಾಲದ ಮೊದಲಿಗೆ ನಮ್ಮ ಗುಡಿಸಲಿಗೆ ಬಂದು ಕೂತು ಹೇಳಿದರು. ಶಿವರಾತ್ರಿ ಕಳೆದ ಮೇಲೆ ಬಳ್ಳಾರಿಯಲ್ಲಿ ದೊಡ್ಡ ಪಂದ್ಯ ಇದೆ. ರೈಲ್ವೆಯ ಅಧಿಕಾರಿ ನೋಡಲು ಬರುತ್ತಾರೆ. ಒಂದೊಂದು ತೂಕದಲ್ಲಿ ಕೊನೆಗೆ ಉಳಿಯುವ ಇಬ್ಬರನ್ನು ಆಟಗಾರರ ಲೆಕ್ಕದಲ್ಲಿ ನೌಕರಿಗೆ ತೆಗೆದುಕೊಳ್ಳುತ್ತಾರೆ. ಕಾಯಂ ನೌಕರಿ, ಇರಲು ಮನೆ, ಮುದುಕನಾದ ಮೇಲೂ ಊಟಕ್ಕೆ ದಾರಿ. ಅವರು ಹೋದ ಮೇಲೆ ಯಮನೂರಪ್ಪ ತನ್ನ ಹೆಗಲು ಮುಟ್ಟಿ ನೋಡಿಕೊಂಡು, ಇನ್ನು ಚೀಲ ಹೊರುವುದು ನಾಲ್ಕೇ ತಿಂಗಳು ಅಕ್ಕ ಅಂದ.

ಅದೇ ಚಳಿಯಲ್ಲಿ ನಾಟಕ ಕಂಪನಿ ಬಂತು. ಸುಗ್ಗಿ ಮುಗಿದ ಊರಿಗೆ ಅವರು ಬಂದೇ ಬರುತ್ತಾರೆ. ಬಸ್‌ಸ್ಟ್ಯಾಂಡಿನ ಪಕ್ಕದ ಬಯಲಿನಲ್ಲಿ ತಗಡು ನಿಲ್ಲಿಸಿ, ಪರದೆ ಕಟ್ಟಿ, ಕುರ್ಚಿ ಹಾಕಿದರು. ಪರದೆಯ ಪೆಟ್ಟಿಗೆ ಇಳಿಸಲು ನಮ್ಮ ಹಮಾಲರು ಹೋಗಿದ್ದರು. ನಾಲ್ಕು ಜನ ಹೊರುವ ಪೆಟ್ಟಿಗೆಯನ್ನು ಯಮನೂರಪ್ಪ ಒಬ್ಬನೇ ಹೆಗಲಿಗೇರಿಸಿದ್ದನ್ನು ಕಂಪನಿಯ ಮಾಲಕ ಗುರುಸಿದ್ದಪ್ಪ ನೋಡಿದ. ಅವನ ನಾಟಕದಲ್ಲಿ ಗೌಡನ ಕೈಯಾಳಾಗಿ ಹೀರೋನ ಜೊತೆ ಹೊಡೆದಾಡುವ ಒಂದು ಪಾತ್ರ ಇತ್ತು. ಅದನ್ನು ಮಾಡುವವನು ಹಿಂದಿನ ಊರಿನಲ್ಲಿ ಕೈಕೊಟ್ಟು ಹೋಗಿದ್ದ. ನಾಲ್ಕು ದಿನದ ಮಟ್ಟಿಗೆ ನಿಂತುಕೊಡು ಅಂತ ಇವನನ್ನು ಕೇಳಿದ. ನಾಲ್ಕು ದಿನ ಅಲ್ಲವಾ ಅಂತ ಹವಾಲ್ದಾರರೂ ಸುಮ್ಮನಿದ್ದರು.

ನಾನು ಮೂರನೆಯ ದಿನ ಹೋದೆ, ಸಂಜೆ ಆರೂಕಾಲರ ಆಟಕ್ಕೆ. ನನ್ನ ತಮ್ಮ ಗಲ್ಲಕ್ಕೆ ಬಣ್ಣ ಬಳಿದುಕೊಂಡು, ಹುರಿಮೀಸೆ ಅಂಟಿಸಿಕೊಂಡು ಬಂದ. ಊದಿದರೆ ಹಾರಿಹೋಗುವಂಥ ಹೀರೋನ ಕೈಯಲ್ಲಿ ಏಟು ತಿಂದು ಧೊಪ್ಪನೆ ಬಿದ್ದ. ನನಗೆ ಮೈ ಉರಿಯಿತು. ಆದರೆ ಮಂದಿ ಸಿಳ್ಳೆ ಹೊಡೆದರು. ಎದ್ದ, ಮತ್ತೆ ಬಿದ್ದ. ಅವನು ಬೀಳುವ ಚಂದಕ್ಕೆ ಒನ್ಸ್‌ಮೋರ್ ಅಂದರು. ಹೊರಗೆ ಬರುವಾಗ ಯಾರೋ ನನ್ನನ್ನು ತೋರಿಸಿ, ನೋಡು ಈಕೆ ಆ ಯಮನೂರಪ್ಪನ ಅಕ್ಕ ಅಂದರು. ನಾಲ್ಕು ದಿನ ಹೋಗಿ ನಾಲ್ಕು ವಾರವಾಯಿತು.

ಗುರುಸಿದ್ದಪ್ಪ ಅವನಿಗೆ ಮೂರು ಪಾಠ ಕಲಿಸಿದ. ಮುಷ್ಟಿ ಎಷ್ಟು ಜೋರಾಗಿ ಹೋದರೂ ಎದುರಿನವನ ಮೂಗಿನಿಂದ ಒಂದು ಬೆರಳು ಈಚೆ ನಿಲ್ಲಬೇಕು. ಸಪ್ಪಳ ಮಾಡಲು ಪರದೆಯ ಹಿಂದೆ ಹಲಗೆ ಬಡಿಯುವವನಿದ್ದಾನೆ. ಮಂದಿಗೆ ಬೆನ್ನು ತೋರಿಸಬಾರದು. ಎದುರಿನವನ ಕೈ ಬಂದಾಗ ತಪ್ಪಿಸಿಕೊಳ್ಳಬಾರದು, ಮುಖ ಮಂದಿಯ ಕಡೆ ತಿರುಗಿಸಿ ಅವರಿಗೆ ನೋವು ಕಾಣಿಸಬೇಕು. ಯಮನೂರಪ್ಪ ಮೊದಲು ಮೊದಲು ಮರೆತು ಹೀರೋನ ದವಡೆಗೆ ಎರಡು ಸಲ ನಿಜವಾಗಿ ಕೊಟ್ಟ. ಆಮೇಲೆ ಮನೆಯಲ್ಲೂ ರೂಢಿ ಮಾಡತೊಡಗಿದ. ನನ್ನನ್ನೇ ನಿಲ್ಲಿಸಿ ಮುಷ್ಟಿ ಬೀಸುತ್ತಿದ್ದ. ಮುಖಕ್ಕೆ ಗಾಳಿ ಬಡಿಯುತ್ತಿತ್ತು, ಕೈ ತಾಗುತ್ತಿರಲಿಲ್ಲ. ನಾನು ರೊಟ್ಟಿ ಬಡಿಯುತ್ತ ಕೂತಲ್ಲೇ ಹೆದರದೆ ಮುಖ ಎತ್ತಿ ಕೊಡುತ್ತಿದ್ದೆ. ಅಷ್ಟು ಪಳಗಿದ.

ಆಟ ಹದಿನೈದಾದ ಮೇಲೆ ಒಂದು ದಿನ ಗುರುಸಿದ್ದಪ್ಪ ನನ್ನನ್ನು ಹಿಂದಿನ ಚಾಪೆಯಿಂದ ಎಬ್ಬಿಸಿ, ಮುಂದಿನ ಸಾಲಿನಲ್ಲಿ ಕುರ್ಚಿ ಹಾಕಿಸಿದ. ಪಕ್ಕದ ಕುರ್ಚಿಯಲ್ಲಿ ನಮ್ಮ ಗಿರಣಿಯ ಸಾವುಕಾರ್ತಿ. ಅವರ ಅಂಗಳದಲ್ಲಿ ನಾನು ಬರಿಗಾಲಲ್ಲಿ ನಡೆಯುವವಳು. ಏಳು ಅನ್ನುತ್ತಾಳೆ ಅಂತ ಕಾದೆ. ಅನ್ನಲಿಲ್ಲ. ಸೆರಗು ಸರಿಸಿ ಜಾಗ ಬಿಟ್ಟಳು. “ನಿಮ್ಮ ತಮ್ಮುಡು ಭಾಳ ಬಾಗಾ ಬೀಳ್ತಾನಮ್ಮಾ” ಅಂತ ತೆಲುಗು ಬೆರೆಸಿ ಹೊಗಳಿ, ತನ್ನ ಮುಡಿಯ ಕನಕಾಂಬರದಲ್ಲಿ ಒಂದು ತುಂಡು ಹರಿದು ಕೊಟ್ಟಳು. ಗಂಡನ ಮನೆ ಬಿಟ್ಟ ಮೇಲೆ ನನಗೆ ಹೂವು ಕೊಟ್ಟವರು ಅವಳೊಬ್ಬಳೇ. ಮುಡಿದುಕೊಳ್ಳಲೋ ಬೇಡವೋ ತಿಳಿಯದೆ ಆಟ ಮುಗಿಯುವವರೆಗೆ ಕೈಯಲ್ಲೇ ಹಿಡಿದು ಕೂತಿದ್ದೆ.

ಅಲ್ಲಿಂದ ನಾನು ದಿನಾ ಹೋದೆ. ದಿನಾ ಅದೇ ಕುರ್ಚಿ. ಅವನೂ ಬೀಳುವಾಗ ಆ ಕುರ್ಚಿಯ ಕಡೆಗೇ ಮುಖ ತಿರುಗಿಸುತ್ತಿದ್ದ, ಗುರುತಿಗೆ ಅದು ಅನುಕೂಲವಾಗಿತ್ತು. ಬೆಳಿಗ್ಗೆ ಬೂದಿ ಗುಡ್ಡೆಯ ಹತ್ತಿರ ಚೀಲ ಗುದ್ದುವುದನ್ನು ಅವನು ತಪ್ಪಿಸಲಿಲ್ಲ, ಅದನ್ನು ಹೇಳಲೇಬೇಕು. ಆದರೆ ಚೀಲ ಹರಿಯುವುದು ನಿಂತಿತು. ಎಂಟು ದಿನ ಹೋಯಿತು, ಹದಿನೈದು ಹೋಯಿತು, ಒಂದು ತಿಂಗಳಾದರೂ ದಬ್ಬಣ ಕೈಗೆ ತೆಗೆದುಕೊಳ್ಳುವ ಕೆಲಸ ಬೀಳಲಿಲ್ಲ. ನನ್ನ ಹೊಲಿಗೆ ಗಟ್ಟಿಯಾಗಿದೆ ಅಂದುಕೊಂಡೆ. ದ್ಯಾಮವ್ವನ ಮುಂದೆ ಜಂಬವನ್ನೂ ಕೊಚ್ಚಿಕೊಂಡೆ.

ಶಿವರಾತ್ರಿಗೆ ಇನ್ನೂ ಹದಿನೈದು ದಿನ ಇದ್ದಾಗ, ಕಾಲವಲ್ಲದ ಕಾಲದಲ್ಲಿ ಒಂದು ಮಧ್ಯಾಹ್ನ ಮೋಡ ಕವಿದು ಹನಿ ಬಿತ್ತು. ಅಂಗಳದ ತುಂಬ ಭತ್ತ. ಹೆಂಗಸರೆಲ್ಲ ಓಡಾಡಿ ಎಳೆದು ಗುಡ್ಡೆ ಮಾಡಿ ತಾಡಪತ್ರಿ ಮುಚ್ಚುತ್ತಿದ್ದೆವು. ನೆನೆದ ತಾಡಪತ್ರಿ ಹೆಣದ ಭಾರ. ನನ್ನ ಕಡೆಯ ತುದಿಗೆ ಹವಾಲ್ದಾರರು ಬಂದು ಕೈ ಹಚ್ಚಿ ಎಳೆದರು. ಮುಚ್ಚಿ ಆದ ಮೇಲೆ ಇಬ್ಬರೂ ತಗಡಿನ ಕೆಳಗೆ ನಿಂತೆವು. ಮಳೆ ತಗಡಿನ ಮೇಲೆ ಸದ್ದು ಮಾಡುತ್ತಿತ್ತು, ಹಾಗಾಗಿ ಅವರು ಹತ್ತಿರ ಬಂದು ಕೇಳಿದರು.

“ಹುಲಿಗೆವ್ವಾ, ಚೀಲ ಹೊಲದು ಎಷ್ಟು ದಿನ ಆತು?”

“ತಿಂಗಳ ಮ್ಯಾಲೆ ಆತ್ರಿ. ಈ ಸಲ ಗಟ್ಟಿ ಹೊಲದೀನಿ.”

“ನೀ ಗಟ್ಟಿ ಹೊಲದಿಲ್ಲ ತಂಗಿ. ಅಂವ ಗಟ್ಟಿ ಹೊಡಿಯವಲ್ಲ. ಕೈ ಹೋಗತೈತಿ, ಮುಟ್ಟೂಮುಂದ ನಿಂದರತೈತಿ. ಅಂವಗ ಗೊತ್ತ ಇಲ್ಲ.”

ಅವರೇ ಮುಂದುವರಿಸಿದರು. ಬಳ್ಳಾರಿಗೆ ಇನ್ನೊಂದು ತಿಂಗಳಿದೆ. ಇವತ್ತಿನಿಂದ ನಾಟಕ ಬಿಟ್ಟರೆ ಕೈ ಮತ್ತೆ ಬರುತ್ತದೆ. ತಾವು ಹೇಳಿದರೆ ಹುಡುಗ ಹೂಂ ಅನ್ನುತ್ತಾನೆ, ಸಂಜೆಯಾದರೆ ಮತ್ತೆ ಬಣ್ಣ ಹಚ್ಚಿಕೊಳ್ಳುತ್ತಾನೆ. ಅಕ್ಕ ಹೇಳಿದರೆ ದಾಟುವುದಿಲ್ಲ. “ನೀ ಹೇಳು. ನನಗೇನೂ ಬ್ಯಾಡ, ಅಂವಗ ನೌಕರಿ ಆಗಲಿ” ಅಂದರು. ಹೇಳುತ್ತೇನೆ ಅಂದೆ.

ಹೇಳಲಿಲ್ಲ.

ಕಾರಣ ಇದು. ಕಂಪನಿಯವರು ಕ್ಯಾಂಪಿನ ಕೊನೆಗೆ ಒಬ್ಬ ನಟನ ಹೆಸರಿನಲ್ಲಿ ಒಂದು ಆಟ ಆಡಿ, ವೇದಿಕೆಯ ಮೇಲೆ ಹಾರ ಹಾಕಿ ಮರ್ಯಾದೆ ಮಾಡುತ್ತಾರೆ. ಅದಕ್ಕೆ ಬೆನಿಫಿಟ್ ಅನ್ನುತ್ತಾರೆ. ಆ ಸಲದ ಬೆನಿಫಿಟ್ ಯಮನೂರಪ್ಪನದು ಅಂತ ಗೊತ್ತಾಗಿತ್ತು. ಬಳ್ಳಾರಿಗೆ ಹೋಗುವ ಹತ್ತು ದಿನ ಮೊದಲು. ಜಟಕಾಕ್ಕೆ ಮೈಕು ಕಟ್ಟಿ ಊರೆಲ್ಲ ಕೂಗುತ್ತಿದ್ದರು. ಅಂದು ವೇದಿಕೆಯ ಮೇಲೆ ನನ್ನನ್ನೂ ಕರೆಸಿ, ಸಾವುಕಾರ್ತಿಯ ಕೈಯಿಂದ ಉಡಿ ತುಂಬಿಸುವುದಾಗಿ ಗುರುಸಿದ್ದಪ್ಪ ಹೇಳಿದ್ದ. ಉಡಿ ತುಂಬುವುದು ಮುತ್ತೈದೆಗೆ. ತಾಳಿ ಇಲ್ಲದ ಕೊರಳಿನವಳಿಗೆ ಇಡೀ ಗಂಗಾವತಿಯ ಎದುರು ಉಡಿ ತುಂಬುತ್ತಾರೆ ಅಂದರೆ, ಪಾತ್ರೆ ತಿಕ್ಕಲು ಕರೆದವರೆಲ್ಲ ಅದನ್ನು ನೋಡುತ್ತಾರೆ ಅಂದರೆ, ಅದು ನನಗೆ ಬೇಕಿತ್ತು. ಬೇಕಿತ್ತು, ಅಷ್ಟೇ. ಅದಕ್ಕೆ ಬೇರೆ ಬಣ್ಣ ಹಚ್ಚುವುದಿಲ್ಲ. ನಾಟಕ ಬಿಟ್ಟರೆ ಬೆನಿಫಿಟ್ ಇಲ್ಲ, ಬೆನಿಫಿಟ್ ಇಲ್ಲದಿದ್ದರೆ ಉಡಿ ಇಲ್ಲ.

ಅವತ್ತು ಸಂಜೆ ನಾಟಕಕ್ಕೆ ಹೊರಡುವಾಗ ಯಮನೂರಪ್ಪ ತಾನಾಗಿಯೇ ಕೇಳಿದ. ನಾವಿಬ್ಬರೂ ತಗಡಿನ ಕೆಳಗೆ ನಿಂತಿದ್ದನ್ನು ನೋಡಿದ್ದನಂತೆ.

“ಅಕ್ಕಾ, ಹವಾಲ್ದಾರ್ರು ನನ್ನ ಬಗ್ಗೆ ಏನರ ಅಂದ್ರೇನ?”

ಅವನ ಮುಖದಲ್ಲಿ ಅನುಮಾನ ಇತ್ತು. ಕೈ ನಿಲ್ಲುವುದು ಅವನಿಗೂ ಒಳಗೆಲ್ಲೋ ತಿಳಿದಿತ್ತೋ ಏನೋ. ಒಂದು ಮಾತು ಹೇಳಿದ್ದರೆ ಸಾಕಿತ್ತು, ಚಪ್ಪಲಿ ಬಿಚ್ಚಿ ಒಳಗೆ ಬಂದು ಕೂತುಬಿಡುತ್ತಿದ್ದ.

“ಏನಿಲ್ಲ. ತಾಡಪತ್ರಿ ಎಳಿಯಾಕ ಬಂದಿದ್ರು” ಅಂದೆ.

ಬೆನಿಫಿಟ್ ಆಯಿತು. ಒಳಗೆ ಮಂದಿ ಹಿಡಿಯಲಿಲ್ಲ, ತಗಡಿನ ಮೇಲೆಲ್ಲ ಹತ್ತಿ ಕೂತಿದ್ದರು. ಅವನು ಅಂದು ಐದು ಸಲ ಬಿದ್ದ. ಹಾರ ಹಾಕಿದರು. ನನ್ನನ್ನು ಕರೆದರು. ಸಾವುಕಾರ್ತಿ ನನ್ನ ಸೆರಗಿಗೆ ಅಕ್ಕಿ, ಕೊಬ್ಬರಿ, ಕುಪ್ಪಸದ ಖಣ ಹಾಕಿದಳು. ನಾಲ್ಕು ಕಾಳು ಸೆರಗು ದಾಟಿ ಕೆಳಗೆ ಬಿದ್ದವು. ಆ ಅಕ್ಕಿ ನಮ್ಮ ಗಿರಣಿಯದೇ. ನಾನೇ ಒಣಗಿಸಿದ್ದಿರಬೇಕು.

ಬಳ್ಳಾರಿಗೆ ಮೂವರೂ ಹೋದೆವು. ಆಗಲೇ ಬಿಸಿಲು ಏರಿತ್ತು, ಡೇರೆಯೊಳಗೆ ಕೂತರೂ ಬೆವರು. ಮೊದಲನೆಯ ದಿನ ಇವನ ಎದುರಾಳಿ ಬರಲೇ ಇಲ್ಲ, ಇವನನ್ನು ಗೆದ್ದವನೆಂದು ಬರೆದುಕೊಂಡರು. ಎರಡನೆಯ ದಿನ ಮಧ್ಯಾಹ್ನ ಕೋಲಾರದ ಕಡೆಯ ಒಬ್ಬ ಹುಡುಗನ ಮೇಲೆ. ಅದನ್ನು ಗೆದ್ದರೆ ಕೊನೆಯ ಇಬ್ಬರಲ್ಲಿ ಇವನೊಬ್ಬ. ರೈಲ್ವೆಯ ಅಧಿಕಾರಿ ಮೇಜಿನ ಹಿಂದೆ ವಹಿ ಬಿಚ್ಚಿಕೊಂಡು ಕೂತಿದ್ದ.

ಹವಾಲ್ದಾರರು ನನಗೆ ಹಿಂದೆ ಕೂಡಲು ಹೇಳಿದ್ದರು, ಅವನ ಕಣ್ಣಿಗೆ ಬೀಳಬೇಡ ಅಂದಿದ್ದರು. ಆದರೆ ನನಗೆ ಮುಂದಿನ ಕುರ್ಚಿ ರೂಢಿಯಾಗಿತ್ತು. ನಿಲ್ಲಿಸಿ ಕೇಳಿದವನಿಗೆ, ನಾನು ಯಮನೂರಪ್ಪನ ಅಕ್ಕ ಅಂತ ಗತ್ತಿನಿಂದ ಹೇಳಿದೆ. ಪಾಪ, ಅವನು ಜಾಗ ಕೊಟ್ಟ.

ಗಂಟೆ ಹೊಡೆಯಿತು. ನನ್ನ ತಮ್ಮ ಚುರುಕಾಗಿದ್ದ. ಕೋಲಾರದವನ ಕೈ ಸರಿಸಿ ದಾರಿ ಮಾಡಿಕೊಂಡ. ದವಡೆ ಬಾಗಿಲು ತೆರೆದಿಟ್ಟ ಹಾಗೆ ಎದುರಿಗಿತ್ತು. ಬಲಗೈ ಹೋಯಿತು. ಹೋಗಿ ನಿಂತಿತು. ಒಂದು ಬೆರಳು ಈಚೆ. ಅಲ್ಲಿದ್ದವರಿಗೆ ಏಟು ತಪ್ಪಿತು ಅನ್ನಿಸಿರಬೇಕು. ನನಗೆ ಗೊತ್ತಾಯಿತು. ಆ ಗಾಳಿ ನನ್ನ ಮುಖಕ್ಕೆ ಬಡಿದದ್ದು ಎಷ್ಟು ಸಲ. ಮತ್ತೆ ಹೋಯಿತು, ಮತ್ತೆ ನಿಂತಿತು. ಅವನು ತನ್ನ ಕೈಯನ್ನೇ ಒಮ್ಮೆ ನೋಡಿಕೊಂಡ. ಎರಡನೆಯ ಸುತ್ತಿಗೆ ಕೋಲಾರದವನಿಗೂ ಇವನ ಕೈ ಮುಟ್ಟುವುದಿಲ್ಲ ಅಂತ ತಿಳಿಯಿತು. ಅವನು ಹೆದರಿಕೆ ಬಿಟ್ಟು ಒಳಗೆ ಬಂದ. ಏಟು ಬಂದಾಗ ಇವನು ತಲೆ ತಗ್ಗಿಸಬೇಕಿತ್ತು, ತಗ್ಗಿಸಲಿಲ್ಲ. ಮುಖ ತಿರುಗಿಸಿದ. ನಾನು ಕೂತ ಕುರ್ಚಿಯ ಕಡೆಗೆ ತಿರುಗಿಸಿದ. ಅಲ್ಲಿ ಮಂದಿ ನಾಲ್ಕೂ ಕಡೆ ಇದ್ದರು. ಆದರೆ ಅವನ ಮಂದಿ ಅಂದರೆ ನಾನೊಬ್ಬಳೇ. ತೆರೆದುಕೊಟ್ಟ ಗಲ್ಲದ ಮೇಲೆ ಏಟು ಪೂರ್ತಿ ಬಿತ್ತು. ಎಲ್ಲರೂ ನಕ್ಕರು. ನಾಟಕ ಆಡಾಕ ಬಂದಾನ ಮಗ ಅಂತ ಯಾರೋ ಕೂಗಿದರು. ಕೂಗಿದವನಿಗೆ ಏನೂ ಗೊತ್ತಿರಲಿಲ್ಲ, ಸುಮ್ಮನೆ ಬಾಯಿಗೆ ಬಂದದ್ದು ಅಂದ.

ನಾನು ಆಗಲಾದರೂ ಎದ್ದು ಹಿಂದೆ ಹೋಗಬೇಕಿತ್ತು. ಹೋಗಲಿಲ್ಲ.

ಮೂರನೆಯ ಸುತ್ತಿನ ಕೊನೆಯವರೆಗೂ ಅವನು ನಿಂತೇ ಇದ್ದ. ವೇದಿಕೆಯ ಮೇಲೆ ದಿನಕ್ಕೆ ಮೂರು ಸಲ ಬೀಳುತ್ತಿದ್ದವನು ಅಲ್ಲಿ ಬೀಳಲಿಲ್ಲ, ಅದೊಂದು. ಕೋಲಾರದವನ ಕೈ ಎತ್ತಿದರು. ಅಧಿಕಾರಿ ವಹಿ ಮುಚ್ಚಿ ಚಹಾಕ್ಕೆ ಎದ್ದು ಹೋದ.

ಸಂಜೆಯ ಬಸ್ಸಿಗೆ ಮರಳಿದೆವು. ಅವರಿಬ್ಬರೂ ಮುಂದಿನ ಸೀಟಿನಲ್ಲಿ, ನಾನು ಅವರ ಹಿಂದೆ. ಕಂಪ್ಲಿ ದಾಟಿ ಹೊಳೆ ಬಂತು. ಸೇತುವೆಯ ಮೇಲೆ ಬಸ್ಸು ನಿಧಾನವಾದಾಗ ಹವಾಲ್ದಾರರು ಅವನ ಕಡೆ ತಿರುಗಿದರು. ಸಿಟ್ಟಿಗಿಂತ ಸಂಕಟ ಹೆಚ್ಚಿತ್ತು ಆ ದನಿಯಲ್ಲಿ.

“ನನ್ನ ಮಾತ ಬಿಡು. ಒಂದ ತಿಂಗಳು ನಾಟಕ ಬಿಡು ಅಂತ ನಿಮ್ಮಕ್ಕನ ಕೈಲೆ ಹೇಳಿಸಿದ್ನೆಲ್ಲ. ಆಕಿ ಮಾತರ ಕೇಳಬೇಕಿತ್ತಿಲ್ಲೋ ಯಮನೂರಾ?”

ಅವನು ಹಿಂದೆ ತಿರುಗಿ ನನ್ನನ್ನು ನೋಡಿದ. ಒಂದು ಕಣ್ಣು ಮುಚ್ಚಿಹೋಗಿತ್ತು, ತುಟಿ ಬಾತಿತ್ತು. ತೆರೆದಿದ್ದ ಒಂದೇ ಕಣ್ಣಿನಲ್ಲಿ ನೋಡಿದ. ಬಸ್ಸು ಸೇತುವೆ ದಾಟುವವರೆಗೆ ನೋಡಿದ. ನಾನು ಸೆರಗಿನ ತುದಿ ಹಿಡಿದುಕೊಂಡು ಕೂತಿದ್ದೆ. ಆಮೇಲೆ ಮುಂದೆ ತಿರುಗಿದ.

“ಹೌದ್ರಿ. ಹೇಳಿದ್ಲು. ನಾನ ಕೇಳಲಿಲ್ಲ” ಅಂದ.

ಮನೆಗೆ ಬಂದು ರೊಟ್ಟಿಯನ್ನು ಹಾಲಿನಲ್ಲಿ ನೆನೆಸಿ, ಒಂದೇ ದವಡೆಯಲ್ಲಿ ಅಗಿದು ಉಂಡ. ನನ್ನನ್ನು ಏನೂ ಕೇಳಲಿಲ್ಲ. ಬೈದಿದ್ದರೆ ನಾನೂ ತಿರುಗಿ ಬೈದು, ಅತ್ತು, ಮುಗಿಸಿಬಿಡುತ್ತಿದ್ದೆ. ಅವನು ಅದಕ್ಕೆ ಆಸ್ಪದ ಕೊಡಲಿಲ್ಲ. ಬೆಳಗಾದ ಕೂಡಲೇ ಹವಾಲ್ದಾರರ ಹತ್ತಿರ ಹೋ‌ಗಿ, ತಪ್ಪು ನನ್ನದು, ನಾನು ಹೇಳಲೇ ಇಲ್ಲ, ಅವನ ಮೇಲೆ ಹಾಕಬೇಡಿ ಅಂತ ಹೇಳುವುದು ಅಂತ ನಿಶ್ಚಯ ಮಾಡಿ ಮಲಗಿದೆ.

ಆ ಬೆಳಗಿನ ಮಾತು ಬರೆಯುವ ಮೊದಲು ಉಳಿದದ್ದನ್ನು ಹೇಳಿಬಿಡುತ್ತೇನೆ. ಯುಗಾದಿಗೆ ಕಂಪನಿ ಊರು ಬಿಟ್ಟಿತು. ಗುರುಸಿದ್ದಪ್ಪ ಎಷ್ಟು ಕರೆದರೂ ಇವನು ಹೋಗಲಿಲ್ಲ, ಮತ್ತೆ ಬಣ್ಣ ಹಚ್ಚಲಿಲ್ಲ. ಇನ್ನೆರಡು ಪಂದ್ಯ ಆಡಿ ನೋಡಿದ. ಕೈ ಬರಲಿಲ್ಲ. ಆಮೇಲೆ ಆಡಲೂ ಇಲ್ಲ, ಕಲಿಸಿದ. ಮೊದಲು ಗಿರಣಿಯ ಹಿಂದೆ, ಹವಾಲ್ದಾರರು ಹೋದ ಮೇಲೆ ಶಾಲೆಯ ಬಯಲಿನಲ್ಲಿ, ಕೊನೆಗೆ ಈಗಿರುವ ಬಾಕ್ಸಿಂಗ್ ಹಾಲ್‌ನಲ್ಲಿ. ಅವನ ಕೈಯಲ್ಲಿ ಕಲಿತವರು ಪೊಲೀಸರಾದರು, ರೈಲ್ವೆಗೂ ಹೋದರು. ಅವನು ಮಾತ್ರ ಐವತ್ತು ದಾಟುವವರೆಗೆ ಚೀಲ ಹೊತ್ತ. ಬೆನ್ನು ಬಾಗಿ ಹೊರಲು ಆಗದಾದಾಗ ಹಾಲ್ ನಡೆಸುವವರು ದಿನಗೂಲಿಯ ಮೇಲೆ ಕಲಿಸಲು ಇಟ್ಟುಕೊಂಡರು. ಮದುವೆ ಆಗಲಿಲ್ಲ. ನಾನು ಅವನ ಶಿಷ್ಯರಿಗೆ ಹೊಟ್ಟಿನ ಚೀಲ ಹೊಲಿದುಕೊಡುತ್ತಿದ್ದೆ. ಚೀಲ ಹರಿದು ಬಂದರೆ ಸಂತೋಷ, ಬರದಿದ್ದರೆ ಯಾರದು ಅಂತ ಕೇಳುತ್ತಿದ್ದೆ.

ಅವನು ಹೇಗೆ ಕಲಿಸುತ್ತಿದ್ದ ಅನ್ನುವುದನ್ನು ಈ ಪುಸ್ತಕದಲ್ಲಿ ಎಲ್ಲರೂ ಬರೆದಿರುತ್ತಾರೆ. ಹುಡುಗನನ್ನು ಎದುರು ನಿಲ್ಲಿಸಿ, ಬಲವೆಲ್ಲ ಹಾಕಿ ಮುಷ್ಟಿ ಬೀಸಿ, ಮೂಗಿನಿಂದ ಒಂದು ಬೆರಳು ಈಚೆ ನಿಲ್ಲಿಸುತ್ತಿದ್ದ. ಕಣ್ಣು ಮುಚ್ಚಿದವನು ಮತ್ತೆ ನಿಲ್ಲಬೇಕು. ಅಂಥ ಕೈ ಸುತ್ತಲಿನ ಯಾವ ಊರಿನಲ್ಲೂ ಇರಲಿಲ್ಲವಂತೆ, ದೂರದ ಕೋಚುಗಳೂ ನೋಡಲು ಬರುತ್ತಿದ್ದರು. ನಾಟಕ ಆಡದಿದ್ದರೆ ಆ ಕೈ ಬರುತ್ತಿರಲಿಲ್ಲ, ಆಗಿದ್ದೆಲ್ಲ ಒಳ್ಳೆಯದಕ್ಕೇ ಆಯಿತು ಅಂತ ನನಗೆ ಹೇಳುವವರಿದ್ದಾರೆ. ನಾನು ಒಪ್ಪುವುದಿಲ್ಲ. ನೌಕರಿಯಾಗಿದ್ದರೆ ಅವನ ಬೆನ್ನು ಬಾಗುತ್ತಿರಲಿಲ್ಲ. ಕಲಿಸಬೇಕು ಅನ್ನಿಸಿದ್ದರೆ ಆಮೇಲೂ ಕಲಿಸುತ್ತಿದ್ದ, ನೆಟ್ಟಗೆ ನಿಂತು ಕಲಿಸುತ್ತಿದ್ದ.

ಹೋದ ವರ್ಷ ಕೊಪ್ಪಳದ ಆಸ್ಪತ್ರೆಯಲ್ಲಿ, ಇನ್ನು ಎರಡು ಮೂರು ದಿನ ಅಂತ ಡಾಕ್ಟರು ಹೇಳಿದ ಮೇಲೆ, ಅವನ ಮಂಚದ ಪಕ್ಕ ಕೂತು ಬಾಯಿ ತೆರೆದೆ. ತಮ್ಮಾ, ಅವತ್ತು ಮಳ್ಯಾಗ ಹವಾಲ್ದಾರ್ರು ನನ್ನ ಕಡೆ ಬಂದಿದ್ರಲ್ಲ ಅಂದೆ. ಅವನು ಕಣ್ಣು ತೆರೆಯಲಿಲ್ಲ.

“ಬಿಡವಾ ಅಕ್ಕ. ತಾಡಪತ್ರಿ ಎಳಿಯಾಕ ಬಂದಿದ್ರು” ಅಂದ.

ನನ್ನ ಮಾತನ್ನು ನಾನು ಆಡಿದ ಹಾಗೇ ಅಷ್ಟು ವರ್ಷ ಇಟ್ಟುಕೊಂಡಿದ್ದ.

ಈಗ ಬಳ್ಳಾರಿಯಿಂದ ಬಂದ ಮರುದಿನದ ಆ ಬೆಳಿಗ್ಗೆ. ಎದ್ದಾಗ ಅವನ ಹಾಸಿಗೆ ಖಾಲಿ ಇತ್ತು. ಕೆಲಸಕ್ಕೆ ಕರೆಯುವ ಗಿರಣಿಯ ಭೋಂಗಾ ಇನ್ನೂ ಕೂಗಿರಲಿಲ್ಲ. ನಾನು ಮುಖ ತೊಳೆದು, ಹೇಳಬೇಕಾದ ಮಾತನ್ನು ಬಾಯಲ್ಲೇ ಎರಡು ಸಲ ಹೇಳಿಕೊಂಡು, ಗಿರಣಿಯ ಹಿಂದೆ ಹೋದೆ. ಬೂದಿ ಗುಡ್ಡೆಯ ಹತ್ತಿರ ಹವಾಲ್ದಾರರು ಕೂತಿದ್ದರು. ನನ್ನ ತಮ್ಮ, ಮುಖ ಕುಂಬಳಕಾಯಿಯ ಹಾಗೆ ಊದಿದ್ದರೂ, ಒಬ್ಬ ಹಮಾಲಿಯನ್ನು ಎದುರು ನಿಲ್ಲಿಸಿಕೊಂಡಿದ್ದ. ಮುಷ್ಟಿ ಬೀಸಿದ. ಅದು ಅವನ ಮೂಗಿನ ಮುಂದೆ ನಿಂತಿತು. ಹಮಾಲಿ ಹೆದರಿ ಬೂದಿಯಲ್ಲಿ ಕುಕ್ಕರಿಸಿಬಿದ್ದ. “ಏಳು. ನೀ ಹಿಂಗ ನಿಲ್ಲಿಸಬ್ಯಾಡ, ಹೊಡಿ. ನಿಲ್ಲಿಸೂದು ನನಗಿರಲಿ” ಅಂದ ನನ್ನ ತಮ್ಮ. ಹವಾಲ್ದಾರರು ಬಳ್ಳಾರಿಯಿಂದ ಬಂದ ಮೇಲೆ ಮೊದಲ ಸಲ ನಕ್ಕರು. ಅವನು ನಗಲಿಲ್ಲ.

ಅವರು ನನ್ನನ್ನು ನೋಡಿದರು. “ಬಾ ತಂಗಿ. ಏನರ ಹೇಳೂದಿತ್ತೇನ?” ಅಂದರು.

ತಮ್ಮನೂ ನೋಡಿದ. ಕೈ ಎತ್ತಿದ್ದು ಹಾಗೇ ಇತ್ತು.

“ಏನಿಲ್ರಿ. ಮೋಡ ಆಗೇತಿ. ತಾಡಪತ್ರಿ ಎಲ್ಲಿ ಇಟ್ಟೀರಿ ಅಂತ ಕೇಳಾಕ ಬಂದೆ” ಅಂದೆ.

ಅವರು ಮೇಲೆ ನೋಡಿ, ಮೂಲೆಯ ಕಡೆ ಕೈ ತೋರಿಸಿದರು. ನಾನು ತಾಡಪತ್ರಿಯನ್ನು ಒಬ್ಬಳೇ ಅಂಗಳಕ್ಕೆ ಎಳೆದುಕೊಂಡು ಹೋದೆ. ಭತ್ತ ಆಗತಾನೇ ಸುರಿದಿದ್ದರು, ಹೊಗೆಯಾಡುತ್ತಿತ್ತು. ಸೂರ್ಯ ಹುಟ್ಟಿದ್ದ. ಆಕಾಶದಲ್ಲಿ ಅಂಗೈಯಷ್ಟು ಮೋಡವೂ ಇರಲಿಲ್ಲ. ದ್ಯಾಮವ್ವ ಏನೋ ಕೂಗಿ ಕೇಳಿದಳು. ನಾನು ಕಿವಿಗೆ ಹಾಕಿಕೊಳ್ಳದೆ, ಒಣಗಬೇಕಾದ ಭತ್ತದ ಮೇಲೆ ಆ ತುದಿಯಿಂದ ಈ ತುದಿಯವರೆಗೆ ತಾಡಪತ್ರಿ ಮುಚ್ಚಿ, ಹಾರದಂತೆ ನಾಲ್ಕೂ ಮೂಲೆಗೆ ಕಲ್ಲು ಇಟ್ಟೆ.